ಕ್ಯಾಮೆರಾ ಸ್ವಲ್ಪ ಕಾಯಲಿ

ಕಳೆದ ವರ್ಷ ಮೊಳಕಾಲ್ಮುರಿನ ರೇಷ್ಮೆ ಸೀರೆ ನೇಕಾರರೊಬ್ಬರ ಮನೆಗೆ ಮೊಬೈಲ್ ಹಿಡಿದು ಹೋಗಿದ್ದೆ. ‘ಒಂದ್ಸಲ ನಗ್ರಿ ಅಣ್ಣಾ’ ಎಂದೆ. ನಕ್ಕರು. ರೀಲ್ಸ್‌ಗೆ ಲೈಕ್ ಬಂದವು. ಆದರೆ ಲಾಳಿ ನಿಲ್ಲಿಸಿ ಬೆನ್ನು ಒತ್ತಿಕೊಂಡದ್ದು, ‘ಮಗನ್ನ ಮಗ್ಗಕ್ಕೆ ಕೂರಿಸಲ್ಲ’ ಎಂದದ್ದು ನಾನು ಫೋನ್ ಜೇಬಿಗಿಟ್ಟ ಮೇಲೆ! ಜಿಐ ಟ್ಯಾಗ್ ಪಡೆದ ಸೀರೆಯ ಅಸಲಿ ಕಥೆ ಕೈತಪ್ಪಿತ್ತು.

ಚಳ್ಳಕೆರೆಯ ಖುದಾಪುರದಲ್ಲೂ ಹಾಗೆಯೇ. ಭಾರತೀಯ ವಿಜ್ಞಾನ ಸಂಸ್ಥೆಗೆ 1,500 ಎಕರೆ ಸಿಕ್ಕಿದ್ದು ಎಲ್ಲರಿಗೂ ಗೊತ್ತು. ಕಾವಲಿನಲ್ಲಿ ಕುರಿ ಮೇಯಿಸುತ್ತಿದ್ದವರ ಇಂದಿನ ದಿನಚರಿ ಎಷ್ಟು ಜನರಿಗೆ ಗೊತ್ತು?

ಅವಲೋಕನದ ಸಾಕ್ಷ್ಯಚಿತ್ರಕಾರರು ನಟಿಸಲು ಹೇಳುವುದಿಲ್ಲ. ಒಪ್ಪಿಗೆ ಕೇಳಿ, ಸುಮ್ಮನೆ ಕೂತು, ಕಾಯುತ್ತಾರೆ. ಪತ್ರಿಕೋದ್ಯಮ ಓದುತ್ತಿರುವ ಗೆಳೆಯರೇ, ದುಬಾರಿ ಕ್ಯಾಮೆರಾಗಿಂತ ಮೊದಲು ನಾವು ಕಲಿಯಬೇಕಾದ್ದು ಈ ತಾಳ್ಮೆ. ನಾನಂತೂ ಆ ಮಗ್ಗದ ಮನೆಗೆ ಮತ್ತೆ ಹೋಗುತ್ತೇನೆ. ಈ ಸಲ ನಗಿ ಎನ್ನುವುದಿಲ್ಲ.