ಒಂದೇ ಚಾಪೆ, ಎರಡು ಪಾಳಿ

ಸೂರತ್‌ನ ಪವರ್‌ಲೂಮ್ ಬಡಾವಣೆಗಳಲ್ಲಿ ಒಡಿಶಾದ ಗಂಜಾಂ ಜಿಲ್ಲೆಯಿಂದ ಬಂದ ನೇಕಾರರು ಬಹಳ. 12 ತಾಸಿನ ಪಾಳಿ. ಹಗಲು ಪಾಳಿಯವನು ಎದ್ದುಹೋದ ಚಾಪೆಯ ಮೇಲೆ ರಾತ್ರಿ ದುಡಿದವನು ಬಂದು ಬೀಳುತ್ತಾನೆ. ಕೋಣೆಯ ತುಂಬ ಜನ, ಆದರೆ ಎದುರುಬದುರು ಕೂತು ಸುಖದುಃಖ ಮಾತಾಡಲು ಇಬ್ಬರಿಗೂ ಹೊತ್ತು ಕೂಡಿಬರುವುದಿಲ್ಲ. ವರ್ಷಗಟ್ಟಲೆ ಮಗ್ಗದ ಸದ್ದು ಕೇಳಿ ಎಷ್ಟೋ ಮಂದಿಯ ಕಿವಿಯೂ ಮಂದವಾಗಿದೆ. 2020ರ ಏಪ್ರಿಲ್‌ನಲ್ಲಿ, ಲಾಕ್‌ಡೌನ್ ನಡುವೆ, ಊರಿಗೆ ಕಳಿಸಿ ಎಂದು ಇಂಥ ಕಾರ್ಮಿಕರೇ ಸೂರತ್‌ನಲ್ಲಿ ಬೀದಿಗಿಳಿದಿದ್ದರು.

ನಗರದ ಒಂಟಿತನ ಕುರಿತು ಕಿರುಚಿತ್ರ ಮಾಡುವವರು ಈ ಕೋಣೆಗೆ ಬರಬೇಕು. ಫ್ಲ್ಯಾಟಿನ ಬಾಲ್ಕನಿ, ಮೊಬೈಲ್ ಹಿಡಿದ ತರುಣ, ಕಿಟಕಿಯಾಚೆ ಮಳೆ: ಇಷ್ಟಕ್ಕೇ ವಸ್ತು ಮುಗಿದುಹೋಗುತ್ತಿದೆ.

ಫ್ಲ್ಯಾಟಿನ ನೋವು ಸುಳ್ಳೇನಲ್ಲ. ಗೀತಾಂಜಲಿ ರಾವ್ ಅವರ ‘ಪ್ರಿಂಟೆಡ್ ರೇನ್‌ಬೋ’ (2006) ಆನಿಮೇಷನ್‌ನಲ್ಲಿ ಒಬ್ಬ ಮುದುಕಿ, ಒಂದು ಬೆಕ್ಕು, ಒಂದಷ್ಟು ಬೆಂಕಿಪೊಟ್ಟಣ. ಮಾತೇ ಇಲ್ಲದ ಹದಿನೈದು ನಿಮಿಷದಲ್ಲಿ ಆಕೆ ಪೊಟ್ಟಣದ ಚಿತ್ರಗಳೊಳಗೆ ಹೊಕ್ಕು ಬಣ್ಣದ ಲೋಕ ಸುತ್ತುತ್ತಾಳೆ. ಕಾನ್ ಚಿತ್ರೋತ್ಸವದ ವಿಮರ್ಶಕರ ವಾರದಲ್ಲಿ ಪ್ರಶಸ್ತಿ ಗೆದ್ದ ಚಿತ್ರವಿದು.

ಅಹಮದಾಬಾದ್‌ನದು ಬೇರೆ ಕಥೆ. ಹಾರ್ದಿಕ್ ಮೆಹ್ತಾ ಅವರ ‘ಅಮ್ದಾವಾದ್ ಮಾ ಫೇಮಸ್’ (2015) ಅರ್ಧ ತಾಸಿನ ಸಾಕ್ಷ್ಯಚಿತ್ರ. ಕಥೇತರ ವಿಭಾಗದ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿ ಪಡೆಯಿತು. ಉತ್ತರಾಯಣದ ಗಾಳಿಪಟ ಹಬ್ಬದ ದಿನಗಳಲ್ಲಿ ಝೈದ್ ಎಂಬ ಹುಡುಗ ಹಳೆ ಊರಿನ ಗೋಡೆ, ತಾರಸಿಗಳನ್ನು ಹತ್ತಿಳಿದು ಕಡಿದ ಗಾಳಿಪಟ ಹಿಡಿಯುತ್ತಾನೆ. ಒಂಟಿತನದ ಚಿತ್ರವಲ್ಲವಾದರೂ, ಒತ್ತೊತ್ತಾದ ಆ ಮಾಡುಗಳನ್ನು ಕಂಡ ಮೇಲೆ ಬೀಗ ಹಾಕಿದ ಅಪಾರ್ಟ್‌ಮೆಂಟ್ ತಾರಸಿಗಳು ಕಣ್ಣಿಗೆ ಚುಚ್ಚುತ್ತವೆ.

ವಡೋದರಾದಲ್ಲಿ ನಗರದ ಒಂಟಿತನ ಹಿಡಿಯುವ ಕೆಲಸವನ್ನು ಕುಂಚ ಮಾಡಿತ್ತು. ಲೆಕ್ಕಪತ್ರದ ಉದ್ಯೋಗದಲ್ಲಿದ್ದ ಭೂಪೇನ್ ಖಖ್ಖರ್ 1972ರಲ್ಲಿ ಬಿಡಿಸಿದ ‘ಜನತಾ ವಾಚ್ ರಿಪೇರಿಂಗ್’ನಲ್ಲಿ ಗಡಿಯಾರಗಳ ನಡುವೆ ಕೂತ ರಿಪೇರಿಯವನಿಗೆ ಜೊತೆ ಯಾರೂ ಇಲ್ಲ.

ಸೂರತ್ ಸುತ್ತಿನ ಜವಳಿ ಕಾರ್ಖಾನೆಗೆ ಕ್ಯಾಮೆರಾ ಹೊಕ್ಕಿದ್ದು ರಾಹುಲ್ ಜೈನ್ ಅವರ ‘ಮಶೀನ್ಸ್’ (2016) ಎಂಬ ದೀರ್ಘ ಸಾಕ್ಷ್ಯಚಿತ್ರದಲ್ಲಿ. ಯಂತ್ರದ ಮುಂದೆ ನಿಂತಲ್ಲೇ ತೂಕಡಿಸುವ ಹುಡುಗ, ಕಣ್ಣು ತೆರೆಯಲು ಅವನು ಪಡುವ ಪಾಡು ಮರೆಯುವಂಥದ್ದಲ್ಲ. ಕಾರ್ಮಿಕರು ನಿರ್ದೇಶಕನನ್ನೇ ಸುತ್ತುವರಿದು, ನಿಮ್ಮಿಂದ ನಮಗೇನಾದೀತು ಎಂದು ಕೇಳುತ್ತಾರೆ.

ಆ ಪ್ರಶ್ನೆಗೆ ಚಿತ್ರದವರು ಉತ್ತರಿಸಬೇಕು. ಅಹಮದಾಬಾದ್‌ನ ರಾಷ್ಟ್ರೀಯ ವಿನ್ಯಾಸ ಸಂಸ್ಥೆಯಲ್ಲಿ ಚಿತ್ರ ಕಲಿಯುವವರಿಗೆ ಸೂರತ್ ಕೆಲವೇ ತಾಸಿನ ದಾರಿ. ಬೆಂಗಳೂರಿನ ಕಿರುಚಿತ್ರಕಾರರಿಗಂತೂ ಕಲಬುರಗಿ, ರಾಯಚೂರಿನಿಂದ ಬಂದ ಕಟ್ಟಡ ಕಾರ್ಮಿಕರ ತಗಡಿನ ಶೆಡ್ಡುಗಳು ಪಕ್ಕದ ಬೀದಿಯಲ್ಲೇ ಇವೆ. ಚಿತ್ರ ಮುಗಿದ ಮೇಲೆ ಅದರ ಮೊದಲ ಪ್ರದರ್ಶನ ಆ ಶೆಡ್ಡಿನ ಮುಂದೆಯೇ, ರಜೆಯ ಸಂಜೆ, ಅವರದೇ ಮಾತಿನಲ್ಲಿ ನಡೆಯಲಿ; ಚಿತ್ರೋತ್ಸವಗಳ ಅರ್ಜಿ ಆಮೇಲೆ ತುಂಬಬಹುದು.