ಮುಖಕ್ಕೆ ನೆರಳಿರಲಿ, ಸುಣ್ಣ ಬೇಡ

ಕಳೆದ ಬೇಸಗೆಯಲ್ಲಿ ವರದಮೂಲದ ಹತ್ತಿರದ ಹಳ್ಳಿಯೊಂದಕ್ಕೆ ಮದುವೆಗೆಂದು ಹೋಗಿದ್ದೆ. ಮದುವಣಗಿತ್ತಿ ನನ್ನ ಹಳೆಯ ವಿದ್ಯಾರ್ಥಿನಿ. ದೀವರ ಮನೆಯಾದ್ದರಿಂದ ಗೋಡೆಯ ಮೇಲೆ ಹಸೆ ಚಿತ್ತಾರ ಬರೆದಿದ್ದರು. ಕೆಮ್ಮಣ್ಣು ಬಳಿದ ಗೋಡೆ, ಅದರ ಮೇಲೆ ಅಕ್ಕಿಹಿಟ್ಟಿನ ಬಿಳಿಯ ಗೆರೆ, ಅಲ್ಲಲ್ಲಿ ಗುರಿಗೆ ಕಾಯಿಯ ಹಳದಿ, ಹುರಿದ ಅಕ್ಕಿಯ ಕಪ್ಪು. ಪುಂಡಿನಾರಿನ ಕುಂಚ ಹಿಡಿದು ಹುಡುಗಿಯ ಅಜ್ಜಿಯೇ ಬರೆದದ್ದಂತೆ. ಆ ಗೋಡೆಯ ಮುಂದೆ ಹುಡುಗಿಯನ್ನು ತಂದು ಕೂರಿಸಿದರು. ನನಗೆ ಗುರುತೇ ಸಿಗಲಿಲ್ಲ. ನಾನು ಬಲ್ಲ ಹುಡುಗಿ ನಮ್ಮ ಕಡೆಯ ಎಷ್ಟೋ ಹೆಣ್ಣುಮಕ್ಕಳಂತೆ ಕಪ್ಪು ಮೈಬಣ್ಣದ, ಲಕ್ಷಣವಾದ ಮುಖದವಳು. ಹಸೆಯ ಮೇಲೆ ಕುಳಿತವಳ ಮುಖ ಸುಣ್ಣದಂತೆ ಬೆಳ್ಳಗಿತ್ತು. ಕೈಗಳು ಮಾತ್ರ ಅವಳವೇ ಆಗಿದ್ದವು.

ಪಂಕ್ತಿಯಲ್ಲಿ ನನ್ನ ಪಕ್ಕಕ್ಕೆ ಕುಳಿತಿದ್ದ ಹಿರಿಯರೊಬ್ಬರು ಬಾಗಿ ಹೇಳಿದರು: “ನೋಡಿದಿರೋ? ಮುಖ ಒಬ್ಬಳದು, ಕೈ ಇನ್ನೊಬ್ಬಳದು. ಅದೇನೋ ಕಾಂಟೂರಿಂಗ್ ಅಂತೆ, ಹೈಲೈಟ್ ಅಂತೆ. ಮೂಗಿಲ್ಲದವರಿಗೆ ಮೂಗು, ಕೆನ್ನೆ ದಪ್ಪಗಿದ್ದವರಿಗೆ ಸಣ್ಣ ಕೆನ್ನೆ. ಎಲ್ಲಾ ಸುಳ್ಳು.” ಪಾಯಸ ಬರುವವರೆಗೂ ಅವರ ಉಪನ್ಯಾಸ ನಡೆಯಿತು. ಅವರ ಮಾತಿನ ಸಾರಾಂಶ ಮೂರೇ: ಇದು ಮೋಸ, ಇದು ಪರದೇಶದ ಹುಚ್ಚು, ನಮ್ಮ ಹೆಣ್ಣುಮಕ್ಕಳಿಗೆ ಇದು ತಕ್ಕದ್ದಲ್ಲ. ಇಂಥ ಮಾತು ಅವರೊಬ್ಬರದಲ್ಲ. ಅಧ್ಯಾಪಕರ ಕೊಠಡಿಯಲ್ಲೂ ಕೇಳಿದ್ದೇನೆ, ಸಭೆಗಳಲ್ಲೂ ಕೇಳಿದ್ದೇನೆ. ನನ್ನ ಜಗಳವಿರುವುದು ಈ ವಾದದೊಡನೆ. ಇದು ಎರಡು ಬೇರೆ ಬೇರೆ ಕೆಲಸಗಳನ್ನು ಒಂದೇ ಚೀಲಕ್ಕೆ ತುಂಬಿ, ನಿರಪರಾಧಿಗೆ ಶಿಕ್ಷೆ ಕೊಟ್ಟು ಅಪರಾಧಿಯನ್ನು ಬಿಟ್ಟುಬಿಡುತ್ತದೆ.

ಮೊದಲು ಆ ವಿದ್ಯೆ ಯಾವುದೆಂದು ತಿಳಿಯೋಣ. ಮೈಬಣ್ಣಕ್ಕಿಂತ ಒಂದೆರಡು ಪಟ್ಟು ಗಾಢವಾದ, ಹೊಳಪಿಲ್ಲದ ಪುಡಿಯನ್ನು ಕುಂಚದಿಂದ ಕೆನ್ನೆಯೆಲುಬಿನ ಕೆಳಗೆ, ಮೂಗಿನ ಎರಡು ಪಕ್ಕಗಳಲ್ಲಿ, ದವಡೆಯ ಅಂಚಿನಲ್ಲಿ, ಕಪಾಲದ ಬದಿಗಳಲ್ಲಿ ತೆಳುವಾಗಿ ಸವರುತ್ತಾರೆ. ಮೈಬಣ್ಣಕ್ಕಿಂತ ತುಸು ತಿಳಿಯಾದ ಪುಡಿಯನ್ನು ಕೆನ್ನೆಯೆಲುಬಿನ ಮೇಲೆ, ಮೂಗಿನ ದಂಡದ ಮೇಲೆ, ಹುಬ್ಬಿನ ಕೆಳಗೆ, ಗಲ್ಲದ ನಡುವೆ ಇಡುತ್ತಾರೆ. ಆಮೇಲೆ ಗೆರೆ ಎಲ್ಲಿಯೂ ಕಾಣದಂತೆ ಎರಡನ್ನೂ ಚರ್ಮದಲ್ಲಿ ಬೆರೆಸುತ್ತಾರೆ. ಕಪ್ಪು ತಗ್ಗಾಗಿ ಕಾಣುತ್ತದೆ, ಬಿಳುಪು ಉಬ್ಬಾಗಿ ಕಾಣುತ್ತದೆ. ಇಷ್ಟೇ.

ಇದು ಮೋಸವೆ? ಮದುವೆಯ ಮಂಟಪದಲ್ಲಿ ಛಾಯಾಗ್ರಾಹಕರು ನೇರವಾಗಿ ಎದುರಿನಿಂದ ಬೆಳಕು ಹಾಯಿಸುತ್ತಾರೆ. ಎದುರಿನ ಬೆಳಕು ಮುಖದ ಮೇಲಿನ ನೆರಳನ್ನೆಲ್ಲ ಅಳಿಸಿ ಅದನ್ನು ತಟ್ಟೆಯಂತೆ ಚಪ್ಪಟೆ ಮಾಡುತ್ತದೆ. ಇಕ್ಕೇರಿಯ ಅಘೋರೇಶ್ವರನ ಗುಡಿಯನ್ನು ಬೆಳಗಿನ ಓರೆ ಬಿಸಿಲಿನಲ್ಲಿಯೂ ನಡು ಮಧ್ಯಾಹ್ನದಲ್ಲಿಯೂ ನೋಡಿದವರಿಗೆ ಈ ಮಾತು ವಿವರಿಸಬೇಕಾಗಿಲ್ಲ. ಬೆಳಿಗ್ಗೆ ಮಾತನಾಡುವ ಕಲ್ಲು ಮಧ್ಯಾಹ್ನ ಬರಿಯ ಕಲ್ಲಾಗಿರುತ್ತದೆ. ಕೆನ್ನೆಗೆ ನೆರಳು ಹಾಕುವವರು ಇಲ್ಲದ್ದನ್ನು ತಂದಿಡುವುದಕ್ಕಿಂತ ಹೆಚ್ಚಾಗಿ, ಬೆಳಕು ಕಸಿದುಕೊಂಡದ್ದನ್ನು ಹಿಂದಕ್ಕೆ ಕೊಡುತ್ತಾರೆ. ನಮ್ಮ ಸಾಗರದ ಗುಡಿಗಾರರು ಗಂಧದ ಮರದಲ್ಲಿ ಮಾಡುವುದೇನು? ದೇವಿಯ ಮೂಗು ಏಳಬೇಕಾದರೆ ಅವರು ಮೂಗಿಗೆ ಮರ ಅಂಟಿಸುವುದಿಲ್ಲ, ಕೆನ್ನೆಯನ್ನು ಕೆತ್ತಿ ಇಳಿಸುತ್ತಾರೆ. ಉಳಿಯಿಂದ ಮಾಡಿದರೆ ಶಿಲ್ಪ, ಕುಂಚದಿಂದ ಮಾಡಿದರೆ ಸುಳ್ಳು ಎಂಬುದು ಯಾವ ನ್ಯಾಯ?

ಇನ್ನು ಪರದೇಶದ ಹುಚ್ಚು. ಹೆಸರು ಪರದೇಶದ್ದೆಂಬುದನ್ನು ಒಪ್ಪತಕ್ಕದ್ದೇ. ಜರ್ಮನಿಯಲ್ಲಿ 19ನೆಯ ಶತಮಾನದಲ್ಲಿ ಲುಡ್ವಿಗ್ ಲೈಷ್ನರ್ ಎಂಬ ಒಪೆರಾ ಗಾಯಕನು ನಟರಿಗಾಗಿ ಜಿಡ್ಡುಬಣ್ಣದ ಕಡ್ಡಿಗಳನ್ನು ತಯಾರಿಸಿ ಮಾರಿದನು. ಅಮೆರಿಕದಲ್ಲಿ ಮ್ಯಾಕ್ಸ್ ಫ್ಯಾಕ್ಟರ್ ಎಂಬಾತನು 1937ರ ಸುಮಾರಿಗೆ ಬಣ್ಣದ ಚಲನಚಿತ್ರಗಳಿಗಾಗಿ ಪ್ಯಾನ್‌ಕೇಕನ್ನು ಹೊರತಂದನು. ಅಂದರೆ ಅಲ್ಲಿಯೂ ಈ ವಿದ್ಯೆ ಬೆಳೆದದ್ದು ರಂಗಭೂಮಿಯ ಮರೆಯಲ್ಲಿ, ದೀಪದ ಕಾಟದಿಂದ ಪಾರಾಗುವುದಕ್ಕಾಗಿ. ಹಾಗಾದರೆ ನಮ್ಮ ಯಕ್ಷಗಾನದ ಚೌಕಿಯಲ್ಲಿ ನಡೆಯುವುದೇನು? ಸಂಜೆ ಚೌಕಿಯಲ್ಲಿ ಕಲಾವಿದರು ಚಕ್ಕಳಮಕ್ಕಳ ಹಾಕಿ, ಕೈಗನ್ನಡಿ ಹಿಡಿದು, ಕೊಬ್ಬರಿಯೆಣ್ಣೆಯಲ್ಲಿ ಬಣ್ಣ ಕಲಸಿ, ತಮ್ಮ ಮುಖವನ್ನು ತಾವೇ ಬರೆದುಕೊಳ್ಳುವುದನ್ನು ನಾನು ಹುಡುಗನಾಗಿದ್ದಾಗ ಬಾಯಿ ಬಿಟ್ಟುಕೊಂಡು ನೋಡಿದ್ದೇನೆ. ದೊಂದಿಯ ಬೆಳಕಿಗೆ ಒಪ್ಪಿದ ಬಣ್ಣ ಗ್ಯಾಸ್‌ಲೈಟಿಗೆ ಒಪ್ಪದು, ಗ್ಯಾಸ್‌ಲೈಟಿನದು ವಿದ್ಯುದ್ದೀಪಕ್ಕೆ ಒಪ್ಪದು. ಬೆಳಕು ಬದಲಾದಂತೆ ಮುಖದ ಬರವಣಿಗೆಯೂ ಬದಲಾಗಬೇಕೆಂಬ ತಿಳಿವಳಿಕೆ ನಮ್ಮ ಬಯಲಾಟದವರಿಗೆ ಯಾವ ಪರದೇಶದಿಂದಲೂ ಬರಬೇಕಾಗಿರಲಿಲ್ಲ. ಕಾರಂತರ ‘ಯಕ್ಷಗಾನ ಬಯಲಾಟ’ ಗ್ರಂಥಕ್ಕೆ 1959ರಲ್ಲಿ ಸಾಹಿತ್ಯ ಅಕಾಡೆಮಿಯ ಪ್ರಶಸ್ತಿ ಬಂತು. ಕುಣಿತ, ಹಾಡು, ಮಾತುಗಳ ಜೊತೆಗೆ ವೇಷವೂ ಬಣ್ಣವೂ ವಿದ್ವಾಂಸರು ಯೋಚಿಸತಕ್ಕ ವಿಷಯವೆಂದು ಅಂದಿನಿಂದ ಒಪ್ಪಿದ್ದೇವೆ.

ಒಪ್ಪಿದ್ದೇವೆ, ಆದರೆ ಗಂಡಸರ ಮಟ್ಟಿಗೆ. ಗಂಡಸೊಬ್ಬ ಮೂರು ತಾಸು ಕುಳಿತು ಸ್ತ್ರೀವೇಷಕ್ಕೆ ಮುಖ ಬರೆದುಕೊಂಡರೆ ‘ಎಂಥ ಕಲೆ!’ ಎನ್ನುತ್ತೇವೆ. ಹೆಣ್ಣುಮಗಳೊಬ್ಬಳು ಅರ್ಧ ತಾಸು ಕುಳಿತು ತನ್ನ ಮುಖಕ್ಕೆ ತಾನು ನೆರಳು ಹಾಕಿಕೊಂಡರೆ ‘ಎಂಥ ಬೆಡಗು!’ ಎನ್ನುತ್ತೇವೆ. ಪಂಕ್ತಿಯಲ್ಲಿ ನನ್ನ ಪಕ್ಕ ಕುಳಿತಿದ್ದ ಹಿರಿಯರು ಆಟದ ದೊಡ್ಡ ಅಭಿಮಾನಿಗಳೆಂಬುದನ್ನೂ ಇಲ್ಲಿ ಹೇಳಿಬಿಡಬೇಕು.

‘ಯಕ್ಷಗಾನದಲ್ಲಿಯೂ ಮೈಬಣ್ಣವನ್ನು ಪೂರ್ತಿ ಮುಚ್ಚುತ್ತಾರಲ್ಲ, ಅದಕ್ಕೇನು ಹೇಳುತ್ತೀರಿ?’ ಎಂದು ಕೇಳುವವರಿದ್ದಾರೆ. ಹೌದು, ಮುಚ್ಚುತ್ತಾರೆ. ಆದರೆ ಅದು ಪಾತ್ರದ ಬಣ್ಣ, ಮನುಷ್ಯನದಲ್ಲ. ಕಪ್ಪಗಿದ್ದವನಿಗೂ ಬೆಳ್ಳಗಿದ್ದವನಿಗೂ ಅಲ್ಲಿ ಒಂದೇ ಬಣ್ಣ. ಆಟ ಮುಗಿದ ಮೇಲೆ ಎಣ್ಣೆ ಹಚ್ಚಿ ಒರಸಿದರೆ ಮುಗಿಯಿತು. ತನ್ನ ಮೈಬಣ್ಣಕ್ಕೆ ನಾಚಿ ಯಾವ ವೇಷಧಾರಿಯೂ ಚೌಕಿಯಲ್ಲಿ ಕೂರುವುದಿಲ್ಲ. ಮದುವಣಗಿತ್ತಿಯ ಮುಖಕ್ಕೆ ಬಳಿಯುವ ಬಿಳಿ ಅಂಥದಲ್ಲ. ‘ನೀನು ನಿಜವಾಗಿ ಹೀಗಿರಬೇಕಾಗಿತ್ತು’ ಎಂದು ಅದು ಅವಳಿಗೆ ಹೇಳುತ್ತದೆ.

ನಾನು ಹೇಳಬೇಕೆಂದಿರುವ ಮುಖ್ಯ ಮಾತು ಇದೇ. ನೆರಳು ಹಾಕುವ ವಿದ್ಯೆಯಲ್ಲಿ ಎಲ್ಲಕ್ಕಿಂತ ಮೊದಲು ತಿಳಿಯಬೇಕಾದದ್ದು ಸ್ವಂತ ಮೈಬಣ್ಣ. ಅದಕ್ಕಿಂತ ಗಾಢವಾದದ್ದು ನೆರಳು, ಅದಕ್ಕಿಂತ ತಿಳಿಯಾದದ್ದು ಬೆಳಕು. ನಡುವಿನ ಬಣ್ಣವೇ ಅಳತೆಗೋಲು. ಆ ನಡುವನ್ನೇ ಸುಳ್ಳು ಮಾಡಿದರೆ ಎರಡು ತುದಿಗಳೂ ಸುಳ್ಳಾಗುತ್ತವೆ. ಬೆಳ್ಳಗೆ ಬಳಿದ ಮುಖದ ಮೇಲೆ ಹಾಕಿದ ನೆರಳು ನೆರಳಾಗದೆ ಕೊಳೆಯಾಗಿ ಕಾಣುತ್ತದೆ. ತೇಜಸ್ಸು ತೇಜಸ್ಸಾಗದೆ ಹಿಟ್ಟಾಗಿ ಕಾಣುತ್ತದೆ. ಅಂದು ಊಟವಾದ ಮೇಲೆ ಗೋಡೆಯ ಚಿತ್ತಾರವನ್ನು ಹೊಗಳುತ್ತ ನಿಂತಿದ್ದಾಗ ಅಜ್ಜಿ ಹೇಳಿದ ಮಾತು ಇದಕ್ಕಿಂತ ಚಿಕ್ಕದು, ಇದಕ್ಕಿಂತ ಚೊಕ್ಕ: “ಕೆಂಪು ಇದ್ದರೆ ತಾನೇ ತಮ್ಮಾ, ಬಿಳಿ ಕಾಣೋದು?”

ಕೆಂಪಿನ ಮಾತು ಬಂದದ್ದರಿಂದ ಇನ್ನೊಂದು ವಿಷಯ. ಅಂಗಡಿಯಲ್ಲಿ ದುಬಾರಿ ಬೆಲೆಗೆ ಮಾರುವ ನೆರಳು ಪುಡಿಯಲ್ಲಿ ಇರುವುದೇನು? ಹೆಚ್ಚಾಗಿ ನುಣ್ಣನೆಯ ಬಳಪದ ಕಲ್ಲಿನ ಪುಡಿ, ಅಭ್ರಕ, ಮತ್ತು ಬಣ್ಣಕ್ಕಾಗಿ ಕೆಂಪು, ಹಳದಿ, ಕಪ್ಪು ಐರನ್ ಆಕ್ಸೈಡುಗಳು. ಕಾರ್ಖಾನೆಯವರು ಅವನ್ನು ಶುದ್ಧವಾಗಿ ತಯಾರಿಸುತ್ತಾರೆ, ನಿಜ. ಆದರೆ ನಮ್ಮ ಜಂಬಿಟ್ಟಿಗೆಯನ್ನೂ ಕೆಮ್ಮಣ್ಣನ್ನೂ ಕೆಂಪಗೆ ಮಾಡಿರುವುದೂ ಕಬ್ಬಿಣದ ಅದೇ ಆಕ್ಸೈಡು. ಮಲೆನಾಡಿನ ಹುಡುಗಿಯ ಕೆನ್ನೆಗೆ ಒಪ್ಪುವ ನೆರಳಿನ ಬಣ್ಣ ಅವಳ ಮನೆಯಂಗಳದ ಮಣ್ಣಿನಲ್ಲಿಯೇ ಇದೆ. ಅವಳ ಮುಖದಿಂದ ಮುಚ್ಚಿಹಾಕುವುದು ಆ ಮಣ್ಣಿನ ಬಣ್ಣವನ್ನೇ.

ಅಪರಾಧಿ ಯಾರೆಂಬುದು ಈಗ ಸ್ಪಷ್ಟವಾಯಿತಷ್ಟೆ. ಅದು ಬಿಳುಪಿನ ಹಂಬಲ, ಮತ್ತು ಅದು ಪೇಟೆಯ ಪುಡಿಡಬ್ಬಿಗಳಿಗಿಂತ ಬಹಳ ಹಳೆಯದು. ವರಾನ್ವೇಷಣೆಯ ಜಾಹೀರಾತುಗಳಲ್ಲಿ ‘ಗೋಧಿ ಬಣ್ಣ’ ಎಂದು ಬರೆಯುವಾಗ ನಾವು ಗೋಧಿಯ ಮೇಲಿನ ಪ್ರೀತಿಯಿಂದ ಬರೆಯುವುದಿಲ್ಲ. ರಾಗಿಯ ಬಣ್ಣ ಎನ್ನಲು ಅಂಜುತ್ತೇವೆ. 1975ರಲ್ಲಿ ನಮ್ಮ ದೇಶದ ಪೇಟೆಗೆ ಬಂದ ‘ಫೇರ್ ಅಂಡ್ ಲವ್ಲಿ’ ಎಂಬ ಮುಲಾಮು 45 ವರ್ಷಗಳ ತರುವಾಯ, 2020ರಲ್ಲಿ, ತನ್ನ ಹೆಸರಿನಿಂದ ‘ಫೇರ್’ ಎಂಬ ಮಾತನ್ನು ತೆಗೆದು ‘ಗ್ಲೋ’ ಎಂದು ಇಟ್ಟುಕೊಂಡಿತು. ಹೆಸರು ಬದಲಾಯಿತು; ನೋಡುವ ಕಣ್ಣು ಬದಲಾಯಿತೆ? ಬಿಳುಪಿನ ಆಸೆಯ ಬೆನ್ನು ಹತ್ತಿ ಲೋಕದ ನಾನಾ ಕಡೆ ಪಾದರಸ ಬೆರೆಸಿದ ಮುಲಾಮುಗಳೂ ಮಾರಾಟವಾದವು. ಪಾದರಸವು ಮೂತ್ರಪಿಂಡವನ್ನು ಕೆಡಿಸುವ ವಿಷ. ಹತ್ತು ಲಕ್ಷದಲ್ಲಿ ಒಂದು ಪಾಲಿಗಿಂತ ಹೆಚ್ಚು ಪಾದರಸವುಳ್ಳ ಇಂಥ ಸಾಮಗ್ರಿಗಳ ತಯಾರಿಕೆಯೂ ಆಮದು ರಫ್ತುಗಳೂ 2020ರ ಹೊತ್ತಿಗೆ ನಿಲ್ಲಬೇಕೆಂದು 2013ರ ಮಿನಮಾತಾ ಒಪ್ಪಂದದಲ್ಲಿ ದೇಶದೇಶಗಳು ಗೊತ್ತುಮಾಡಬೇಕಾಯಿತು. ಕೆನ್ನೆಗೆ ನೆರಳು ಬೇಕೆಂಬ ಆಸೆಯಿಂದ ಯಾರೂ ವಿಷ ಸವರಿಕೊಂಡದ್ದಿಲ್ಲ.

ಇಷ್ಟು ಹೊತ್ತು ಅನ್ಯರನ್ನು ಆಕ್ಷೇಪಿಸಿದ್ದಾಯಿತು. ಇನ್ನು ನನ್ನ ಸರದಿ. ಹೊರಡುವ ಮುಂಚೆ ಮದುಮಕ್ಕಳಿಗೆ ಅಕ್ಷತೆ ಹಾಕಿದಾಗ ಹುಡುಗಿ ತಾನಾಗಿಯೇ ಹೇಳಿದಳು: “ಸರ್, ಕೆನ್ನೆಗೆ ಸ್ವಲ್ಪ ನೆರಳು ಹಾಕಿ ಅಂತ ನಾನೇ ಹೇಳಿದ್ದೆ. ನನಗದು ಇಷ್ಟ. ಬೆಳ್ಳಗೆ ಮಾಡಿ ಅಂತ ಹೇಳಿರಲಿಲ್ಲ. ಅದನ್ನ ಯಾರೂ ಕೇಳೋದಿಲ್ಲ, ಮಾಡ್ತಾರೆ.” ಒಂದು ಕ್ಷಣ ಬಿಟ್ಟು, “ನಾಟಕದ ದಿನ ನೀವೂ ಕೇಳಿರಲಿಲ್ಲ,” ಎಂದು ನಕ್ಕಳು.

ಆ ನಗುವಿನಲ್ಲಿ ಕಹಿಯಿರಲಿಲ್ಲ. ಇದ್ದಿದ್ದರೆ ನನಗೆ ಹಗುರವಾಗುತ್ತಿತ್ತು. ಆರು ವರ್ಷಗಳ ಕೆಳಗೆ ಕಾಲೇಜಿನ ವಾರ್ಷಿಕೋತ್ಸವಕ್ಕೆ ನಾನು ದ್ರೌಪದಿಯ ನಾಟಕವನ್ನು ಆಡಿಸಿದ್ದೆ. ಸ್ಪಷ್ಟವಾದ ಉಚ್ಚಾರ, ತುಂಬಿದ ಕಂಠ. ಪಾತ್ರ ಈ ಹುಡುಗಿಗೆ ಸಂದಿತ್ತು. ನಾಟಕದ ಸಂಜೆ ಬಣ್ಣದವರು ಬಂದಾಗ ‘ಇವಳನ್ನು ಸ್ವಲ್ಪ ಬೆಳ್ಳಗೆ ಮಾಡಿ’ ಎಂದು ಹೇಳಿದವನು ನಾನೇ. ಮಹಾಭಾರತದಲ್ಲಿ ದ್ರೌಪದಿಗೆ ಕೃಷ್ಣೆಯೆಂಬ ಹೆಸರಿದೆ. ಮೈಬಣ್ಣ ಕಪ್ಪಾದ್ದರಿಂದ ಬಂದ ಹೆಸರು. ಇದನ್ನು ಪ್ರತಿವರ್ಷ ತರಗತಿಯಲ್ಲಿ ಹೇಳುವವನೂ ನಾನೇ! ಕರಿಹಲಗೆಯ ಮೇಲೆ ಅವಳು ಕೃಷ್ಣೆ, ರಂಗದ ಮೇಲೆ ಅವಳು ಕಪ್ಪಗಿರಕೂಡದು. ಬಣ್ಣದವರು ಮುಖಕ್ಕೆ ಬಳಿದು ಕೊರಳನ್ನು ಮರೆತರು. ತುಂಬಿದ ಸಭೆಯಲ್ಲಿ ಕೈಯೆತ್ತಿ ಪ್ರಶ್ನೆ ಕೇಳಬೇಕಾಗಿದ್ದ ದ್ರೌಪದಿ ನಾಟಕದುದ್ದಕ್ಕೂ ಒಂದು ಕೈಯಿಂದ ಸೆರಗನ್ನು ಕೊರಳಿಗೆ ಹಿಡಿದುಕೊಂಡೇ ಇದ್ದಳು. ಸಭಾಕಂಪವಿರಬೇಕೆಂದು ನಾನು ಎಣಿಸಿದೆ. ಆ ಕೈ ಏನನ್ನು ಮುಚ್ಚುತ್ತಿತ್ತೆಂಬುದು ತಿಳಿಯಲು ನನಗೆ ಆರು ವರ್ಷ ಹಿಡಿಯಿತು.

ಆದ್ದರಿಂದ, ಸಹಜ ಸೌಂದರ್ಯದ ಉಪದೇಶ ಮಾಡುವ ಮಹನೀಯರಲ್ಲಿ ನನ್ನ ವಿನಂತಿ: ಹುಡುಗಿಯರ ಕುಂಚಗಳನ್ನು ಅವರಿಗೇ ಬಿಡಿ. ಯಾರ ಮೂಗಿಗೆ ಎಷ್ಟು ನೆರಳು ಬೇಕೆಂಬುದು ಆ ಮೂಗಿನ ಒಡತಿಗೆ ಸೇರಿದ್ದು. ಬೇಡವೆನ್ನುವುದೂ ಅವಳಿಗೇ ಸೇರಿದ್ದು. ನಮ್ಮ ಪೇಟೆಗಳಲ್ಲಿ ಮದುವಣಗಿತ್ತಿಯರಿಗೆ ಅಲಂಕಾರ ಮಾಡುವ ಸೋದರಿಯರಿಗೆ ಹೇಳುವುದು: ಡಬ್ಬಿ ತೆರೆಯುವ ಮುನ್ನ ಹುಡುಗಿಯನ್ನು ಕಿಟಕಿಯ ಬಳಿ ಕೂರಿಸಿ, ಹಗಲ ಬೆಳಕಿನಲ್ಲಿ ಅವಳ ಕೊರಳನ್ನು ನೋಡಿ. ಮುಖದ ಬಣ್ಣ ಕೊರಳಿನ ಬಣ್ಣಕ್ಕೆ ಸಮವಾಗಿರಲಿ. ಅಂಥ ಡಬ್ಬಿ ನಿಮ್ಮಲ್ಲಿ ಇಲ್ಲವಾದರೆ ತರಿಸಿ. ಇದ್ದೂ ತೆರೆಯದಿದ್ದರೆ ಅದು ಹುಡುಗಿಗೆ ಮಾಡಿದ ಅವಮಾನ. ತಾಯಂದಿರು ‘ಒಂಚೂರು ಬೆಳ್ಳಗೆ ಕಾಣಲಿ’ ಎಂದರೆ, ದಯವಿಟ್ಟು ಹುಡುಗಿಯನ್ನು ಒಮ್ಮೆ ಕೇಳಿ.

ಈ ವರ್ಷದ ವಾರ್ಷಿಕೋತ್ಸವಕ್ಕೂ ನಾಟಕದ ಹೊಣೆ ನನ್ನ ಮೇಲೆ ಬಿದ್ದಿದೆ. ಅದೇ ನಾಟಕವನ್ನು ಮತ್ತೆ ಎತ್ತಿಕೊಂಡಿದ್ದೇನೆ. ಬಣ್ಣದವರಿಗೆ ಮುಂಚಿತವಾಗಿಯೇ ತಿಳಿಸಿಯಾಗಿದೆ: ದ್ರೌಪದಿಯ ಕೆನ್ನೆಗೆ ನೆರಳು ಎಷ್ಟು ಬೇಕೋ ಅಷ್ಟಿರಲಿ, ಹಣೆಗೆ ತೇಜಸ್ಸಿರಲಿ, ಬಿಳಿಯ ಡಬ್ಬಿಯನ್ನು ಮಾತ್ರ ಮನೆಯಲ್ಲಿ ಬಿಟ್ಟು ಬನ್ನಿ. ಈ ಸಲದ ದ್ರೌಪದಿಗೆ ಎರಡು ಕೈಗಳೂ ಬೇಕು.