ಎರಡು ನಿಲ್ದಾಣಗಳ ನಡುವಿನ ದಾರಿ ಯಾರದು?

ನಮ್ಮ ಜನಪ್ರತಿನಿಧಿಗಳಿಗೆ ನಿಲ್ದಾಣಗಳೆಂದರೆ ಬಲು ಪ್ರೀತಿ. ಶಂಕುಸ್ಥಾಪನೆಗೊಂದು ಕಲ್ಲು, ಉದ್ಘಾಟನೆಗೊಂದು ಕಲ್ಲು; ಎರಡರ ಮೇಲೂ ಹೆಸರು ಕೆತ್ತಿಸಬಹುದು. ಆದರೆ ಬಸ್ಸಿಳಿದವನು ರೈಲು ಹತ್ತಲು, ರೈಲಿಳಿದವನು ಬಸ್ಸು ಹಿಡಿಯಲು ನಡೆಯುವ ದಾರಿಗೆ ಯಾರೂ ಕಲ್ಲು ನೆಡುವುದಿಲ್ಲ. ಆ ದಾರಿ ಯಾವ ಇಲಾಖೆಗೂ ಸೇರಿದ್ದಲ್ಲ. ಅದರಲ್ಲಿ ನಡೆಯುವ ಪ್ರಯಾಣಿಕನೂ ಅಷ್ಟೇ, ಯಾರಿಗೂ ಬೇಕಾದವನಲ್ಲ.

ಸೂಳೆಕೆರೆಯ ಏರಿಯ ಆಚೀಚೆ ಇರುವ ಹಳ್ಳಿಯೊಂದರಿಂದ ಮಗಳ ಚಿಕಿತ್ಸೆಗಾಗಿ ಬೆಂಗಳೂರಿಗೆ ಹೊರಟ ಒಬ್ಬ ತಾಯಿಯನ್ನು ಊಹಿಸಿಕೊಳ್ಳೋಣ. ಚನ್ನಗಿರಿ, ಹೊನ್ನಾಳಿ, ನ್ಯಾಮತಿ, ಜಗಳೂರು - ಈ ನಾಲ್ಕೂ ತಾಲೂಕು ಕೇಂದ್ರಗಳಿಗೆ ರೈಲಿಲ್ಲ. ಆದ್ದರಿಂದ ಆಕೆ ಮೊದಲು ದಾವಣಗೆರೆಗೆ ಬರಬೇಕು. ಊರಿನ ಮುಂದೆ ಬರುವುದು ಖಾಸಗಿ ಬಸ್ಸು. ದಾವಣಗೆರೆಯಲ್ಲಿ ಅದು ಇಳಿಸುವ ಜಾಗ ಒಂದು, ರೈಲು ನಿಲ್ಲುವ ಜಾಗ ಇನ್ನೊಂದು. ಕಂಕುಳಲ್ಲಿ ಬಟ್ಟೆಯ ಗಂಟು, ಕೈಯಲ್ಲಿ ವರದಿಗಳ ಚೀಲ, ಜೊತೆಗೆ ನಡೆಯಲಾರದ ಮಗಳು. ಆಟೋದವನು ಕೇಳಿದಷ್ಟು ಕೊಡಬೇಕು. ರೈಲು ನಿಲ್ದಾಣದಲ್ಲಿ ಮೆಟ್ಟಿಲು. ಬೆಂಗಳೂರಿನಲ್ಲಿ ಇಳಿದ ಮೇಲೆ ಮತ್ತೆ ಮೆಟ್ಟಿಲು, ಮತ್ತೆ ರಸ್ತೆ ದಾಟುವುದು, ಮತ್ತೆ ಯಾವ ಬಸ್ಸೆಂದು ನಾಲ್ಕು ಜನರನ್ನು ಕೇಳುವುದು. ಸೀಟು ಸಿಕ್ಕರೆ ರೈಲಿನಲ್ಲಿ ಕಷ್ಟವಿಲ್ಲ, ಬಸ್ಸಿನಲ್ಲಿಯೂ ಇಲ್ಲ. ಆಕೆಯ ಕಷ್ಟವೆಲ್ಲ ಇರುವುದು ಒಂದರಿಂದ ಇಳಿದು ಇನ್ನೊಂದನ್ನು ಹತ್ತುವ ನಡುವೆ.

ಯೋಜನೆ ಹಾಕುವವರಿಗೆ ಈ ನಡುವಿನ ಹೊತ್ತು ಕಾಣುವುದೇ ಇಲ್ಲ. ಯಾಕೆಂದರೆ ಅವರು ಮನೆ ಬಾಗಿಲಲ್ಲಿ ಕಾರು ಹತ್ತಿ ಕಚೇರಿ ಬಾಗಿಲಲ್ಲಿ ಇಳಿಯುವವರು. ವಾಹನ ಬದಲಿಸುವ ಪ್ರಸಂಗವೇ ಅವರ ಬದುಕಿನಲ್ಲಿ ಬರುವುದಿಲ್ಲ. ಅದು ಬಡವರಿಗೆ, ಹೆಂಗಸರಿಗೆ, ವಯಸ್ಸಾದವರಿಗೆ, ರೋಗಿಗಳಿಗೆ, ವಿದ್ಯಾರ್ಥಿಗಳಿಗೆ ಮಾತ್ರ ಬರುವ ಕಷ್ಟ.

2023ರ ಜೂನ್ 11ರಂದು ಶಕ್ತಿ ಯೋಜನೆ ಜಾರಿಗೆ ಬಂತು. ರಾಜ್ಯದ ಹೆಣ್ಣುಮಕ್ಕಳು ಸರಕಾರಿ ಸಾಮಾನ್ಯ ಬಸ್ಸುಗಳಲ್ಲಿ ಟಿಕೆಟ್ ಹಣವಿಲ್ಲದೆ ಓಡಾಡುವಂತಾಯಿತು. ಒಳ್ಳೆಯ ಕೆಲಸ, ನಾವು ಅದನ್ನು ಮನಸಾರೆ ಮೆಚ್ಚುತ್ತೇವೆ. ಆದರೆ ಈ ಸೌಲಭ್ಯ ಖಾಸಗಿ ಬಸ್ಸುಗಳಿಗಿಲ್ಲ. ದಾವಣಗೆರೆ, ಶಿವಮೊಗ್ಗ ಜಿಲ್ಲೆಗಳ ಎಷ್ಟೋ ಹಳ್ಳಿಗಳಿಗೆ ಖಾಸಗಿ ಬಸ್ಸೇ ಗತಿ. ಹಾಗಿರುವಾಗ ಸೂಳೆಕೆರೆಯ ಪಕ್ಕದ ತಾಯಿಗೆ ಉಚಿತ ಪ್ರಯಾಣ ಶುರುವಾಗುವುದು ಸರಕಾರಿ ಬಸ್ಸು ಸಿಗುವ ಊರಿನಿಂದ. ಅಲ್ಲಿ ಖಾಸಗಿ ಬಸ್ಸಿನಿಂದಿಳಿದು ಸರಕಾರಿ ಬಸ್ಸು ಹತ್ತಬೇಕಾದರೆ ಎರಡು ನಿಲ್ದಾಣಗಳ ನಡುವಿನ ದಾರಿಯನ್ನು ಆಕೆಯೇ ದಾಟಬೇಕು. ಹಕ್ಕು ಕೊಟ್ಟವರು ಆ ಹಕ್ಕಿನ ಬಾಗಿಲವರೆಗೆ ದಾರಿಯನ್ನೂ ಮಾಡಿಕೊಡಬೇಡವೇ?

ಇದಕ್ಕೆ ಹೊಣೆ ಯಾರು ಎಂದು ಕೇಳಿ ನೋಡಿ. ರೈಲ್ವೆ ಕೇಂದ್ರ ಸರಕಾರದ್ದು. ಸರಕಾರಿ ಬಸ್ ನಿಲ್ದಾಣ ನಿಗಮದ್ದು. ಊರೊಳಗಿನ ರಸ್ತೆ, ಚರಂಡಿ, ಬೀದಿದೀಪ ಪಾಲಿಕೆಯದ್ದು. ಖಾಸಗಿ ಬಸ್ಸಿನ ಪರವಾನಗಿ ಸಾರಿಗೆ ಪ್ರಾಧಿಕಾರದ್ದು. ಆಟೋ ಎಲ್ಲಿ ನಿಲ್ಲಬೇಕೆಂಬುದು ಪೊಲೀಸರದ್ದು. ಪ್ರತಿಯೊಬ್ಬರೂ ತಮ್ಮ ಜಾಗಕ್ಕೆ ಕಾಂಪೌಂಡ್ ಕಟ್ಟಿಕೊಂಡಿದ್ದಾರೆ. ಕಾಂಪೌಂಡಿನ ಒಳಗೆ ಟೈಲ್ಸು, ಗ್ರಾನೈಟು, ಬಣ್ಣದ ದೀಪ. ಎರಡು ಕಾಂಪೌಂಡುಗಳ ನಡುವೆ ಒಡೆದ ಚರಂಡಿಯ ಹಾಸುಗಲ್ಲು ಮತ್ತು ಕತ್ತಲು. ನಮ್ಮ ಪ್ರಜಾಸತ್ತೆಯ ಚಿತ್ರವೇ ಅಲ್ಲಿದೆ ಎಂದರೆ ಯಾರೂ ಬೇಸರಿಸಬಾರದು.

ಇದು ಸೂಳೆಕೆರೆಯವರ ಗೋಳು ಮಾತ್ರವಲ್ಲ. ಮಂಗಳೂರನ್ನು ನೋಡಿ. ಸೆಂಟ್ರಲ್ ರೈಲು ನಿಲ್ದಾಣ ಊರ ನಡುವೆ, ಜಂಕ್ಷನ್ ಪಡೀಲಿನ ಕಡೆ, ಸರಕಾರಿ ಬಸ್ ನಿಲ್ದಾಣ ಬಿಜೈಯಲ್ಲಿ, ಖಾಸಗಿ ಬಸ್ಸುಗಳು ಸ್ಟೇಟ್ ಬ್ಯಾಂಕ್ ಬಳಿ. ದೂರದ ರೈಲಿನಿಂದ ಜಂಕ್ಷನ್ನಿನಲ್ಲಿ ನಸುಕಿಗೆ ಇಳಿದವನು ತನ್ನೂರಿನ ಬಸ್ಸಿಗಾಗಿ ಇಡೀ ಪಟ್ಟಣ ದಾಟಬೇಕು. ನಾಲ್ಕು ನಿಲ್ದಾಣಗಳಿವೆ, ಆದರೆ ನಿಲ್ದಾಣಗಳ ವ್ಯವಸ್ಥೆ ಎಂಬುದಿಲ್ಲ.

ಹಣವಿಲ್ಲ ಎಂಬ ಸಬೂಬು ನಿಲ್ಲುವುದಿಲ್ಲ. ಹಣ ಬಂದಾಗ ಏನಾಯಿತೆಂಬುದಕ್ಕೆ ಬೆಂಗಳೂರೇ ಸಾಕ್ಷಿ. 2005ರಲ್ಲಿ ಆರಂಭವಾದ ಜವಾಹರಲಾಲ್ ನೆಹರೂ ನಗರ ನವೀಕರಣ ಯೋಜನೆಯ ಹಣದಲ್ಲಿ ಶಾಂತಿನಗರ, ಜಯನಗರ, ವಿಜಯನಗರ, ಯಶವಂತಪುರ, ಕೆಂಗೇರಿ ಮುಂತಾದೆಡೆ ದೊಡ್ಡ ಸಂಚಾರ ನಿರ್ವಹಣಾ ಕೇಂದ್ರಗಳು ಎದ್ದವು. ಕೆಳಗೆ ಬಸ್ಸು, ಮೇಲೆ ಬಾಡಿಗೆಗೆ ಮಹಡಿಗಳು. ಮಹಡಿಗಳ ಲೆಕ್ಕದ ನಡುವೆ ಪ್ರಯಾಣಿಕನ ಲೆಕ್ಕ ತಪ್ಪಿತು. 2014ರಲ್ಲಿ ಪೀಣ್ಯದಲ್ಲಿ ಬಸವೇಶ್ವರ ಬಸ್ ನಿಲ್ದಾಣ ಉದ್ಘಾಟನೆಯಾಯಿತು. ತುಮಕೂರು ರಸ್ತೆಯ ಮೂಲಕ ನಮ್ಮ ಕಡೆಗೆ ಬರುವ ಬಸ್ಸುಗಳನ್ನು ಅಲ್ಲಿಂದಲೇ ಬಿಡುವ ಉದ್ದೇಶ. ಆದರೆ ಊರಿನ ಬೇರೆ ಭಾಗಗಳಿಂದ ಗಂಟುಮೂಟೆ ಹೊತ್ತು ಅಲ್ಲಿಗೆ ಬರುವುದು ಹೇಗೆ ಎಂಬುದಕ್ಕೆ ಉತ್ತರವಿರಲಿಲ್ಲ. ಜನ ಮೆಜೆಸ್ಟಿಕ್ ಬಿಡಲಿಲ್ಲ, ಬಸ್ಸುಗಳು ಜನರ ಹಿಂದೆಯೇ ಮರಳಿದವು. ಕೋಟಿಗಟ್ಟಲೆ ರೂಪಾಯಿಯ ಕಟ್ಟಡ ಖಾಲಿ ಬಿತ್ತು. 2022ರ ಜೂನ್‌ನಲ್ಲಿ ಸರ್ ಎಂ. ವಿಶ್ವೇಶ್ವರಯ್ಯ ಟರ್ಮಿನಲ್ ಬಾಗಿಲು ತೆರೆದಾಗಲೂ ಇದೇ ಕಥೆ. ವಿಮಾನ ನಿಲ್ದಾಣವನ್ನು ಹೋಲುವ ಕಟ್ಟಡ, ಬೈಯಪ್ಪನಹಳ್ಳಿ ಮೆಟ್ರೋ ಅದೇ ಬಡಾವಣೆಯಲ್ಲಿ, ಆದರೆ ಒಂದರಿಂದ ಇನ್ನೊಂದಕ್ಕೆ ನೇರವಾಗಿ ನಡೆದು ಹೋಗುವ ದಾರಿಯಿಲ್ಲ!

ತಿಳಿವಳಿಕೆಯ ಕೊರತೆ ಎನ್ನೋಣವೆಂದರೆ ಅದೂ ಅಲ್ಲ. ರಸ್ತೆಯ ಮೇಲೆ ಸಾಗಬೇಕಾದದ್ದು ಜನ, ವಾಹನವಲ್ಲ ಎಂದು 2006ರ ರಾಷ್ಟ್ರೀಯ ನಗರ ಸಾರಿಗೆ ನೀತಿಯೇ ಹೇಳಿತ್ತು. ಬಸ್ ನಿಲ್ದಾಣ, ರೈಲು ನಿಲ್ದಾಣಗಳು ಅಂಗವಿಕಲರ ಕೈಗೆಟಕುವಂತಿರಬೇಕೆಂದು 2016ರ ವಿಕಲಚೇತನರ ಹಕ್ಕುಗಳ ಕಾಯಿದೆ ಆದೇಶಿಸಿದೆ. ಅದೇ ವರ್ಷದ ಜನವರಿಯಲ್ಲಿ ದಾವಣಗೆರೆ ದೇಶದ ಮೊದಲ ಇಪ್ಪತ್ತು ಸ್ಮಾರ್ಟ್ ಸಿಟಿಗಳ ಪಟ್ಟಿಗೆ ಸೇರಿತು. 2023ರ ಜೂನ್‌ನಿಂದ ಅಲ್ಲಿ ವಂದೇ ಭಾರತ್ ರೈಲೂ ನಿಲ್ಲುತ್ತಿದೆ. ಕಾಗದವಿದೆ, ಕಾಯಿದೆಯಿದೆ, ವೇಗದ ರೈಲೂ ಇದೆ. ರೈಲು ಉಳಿಸಿಕೊಟ್ಟ ಅರ್ಧ ಗಂಟೆಯನ್ನು ನಿಲ್ದಾಣದ ಹೊರಗೆ ಬಸ್ಸಿಗಾಗಿ ಕಾಯುತ್ತಾ ಕಳೆಯುವುದಾದರೆ ಆ ವೇಗ ಯಾರಿಗಾಗಿ?

ಸಣ್ಣ ಊರುಗಳಿಗೆ ಇಷ್ಟೆಲ್ಲ ಯೋಜನೆ ಬೇಕೇ ಎಂದು ಕೆಲವರು ಕೇಳುತ್ತಾರೆ. ಸಣ್ಣ ಊರುಗಳಿಗೇ ಹೆಚ್ಚು ಬೇಕು ಎನ್ನುತ್ತೇವೆ ನಾವು. ಬೆಂಗಳೂರಿನಲ್ಲಿ ಒಂದು ಬಸ್ಸು ತಪ್ಪಿದರೆ ಹತ್ತು ನಿಮಿಷಕ್ಕೆ ಇನ್ನೊಂದು. ಹಳ್ಳಿಯ ಕೊನೆಯ ಬಸ್ಸು ತಪ್ಪಿದರೆ ಬೆಳಗಿನ ತನಕ ಕಲ್ಲುಬೆಂಚೇ ಹಾಸಿಗೆ. ಆ ಬೆಂಚಿನ ಮೇಲೆ ಒಬ್ಬ ಹೆಣ್ಣುಮಗಳು ರಾತ್ರಿ ಕಳೆಯಬೇಕಾದರೆ ಬೆಳಕು, ಬೀಗವಿರುವ ಶೌಚಾಲಯ, ಕುಡಿಯುವ ನೀರು, ಕೇಳಿದರೆ ಉತ್ತರ ಕೊಡುವ ಒಬ್ಬ ಮನುಷ್ಯ ಇರಬೇಡವೇ? ನಿಲ್ದಾಣದ ವಿನ್ಯಾಸವೆಂದರೆ ಗೋಡೆ ಮತ್ತು ಛಾವಣಿಯ ನಕ್ಷೆ ಮಾತ್ರವಲ್ಲ, ಅದು ವೇಳೆಯ ನಕ್ಷೆ ಕೂಡ. ರೈಲು ಬರುವ ಐದು ನಿಮಿಷ ಮೊದಲು ಕೊನೆಯ ಬಸ್ಸು ಹೊರಟುಹೋಗುವ ಊರಿನಲ್ಲಿ ಎಷ್ಟು ಅಂದದ ಕಟ್ಟಡ ಕಟ್ಟಿದರೂ ವ್ಯರ್ಥ.

ಇದನ್ನು ಸರಿಪಡಿಸಲು ಹೊಸ ಕಾನೂನೂ ಬೇಕಿಲ್ಲ. ಜಿಲ್ಲೆಯ ಸಾರಿಗೆ ಪ್ರಾಧಿಕಾರಕ್ಕೆ ಜಿಲ್ಲಾಧಿಕಾರಿಯೇ ಅಧ್ಯಕ್ಷರು. ಖಾಸಗಿ ಬಸ್ಸಿನ ಮಾರ್ಗವೂ ವೇಳೆಯೂ ನಿಗದಿಯಾಗುವುದು ಅಲ್ಲಿಯೇ. ರೈಲಿನ ವೇಳಾಪಟ್ಟಿಯನ್ನು ಮೇಜಿನ ಮೇಲೆ ಹರಡಿ, ಸರಕಾರಿ ಬಸ್ಸಿನವರನ್ನೂ ಖಾಸಗಿಯವರನ್ನೂ ಒಟ್ಟಿಗೆ ಕೂರಿಸಿ ಕೊನೆಯ ಬಸ್ಸಿನ ವೇಳೆ ಹೊಂದಿಸಲು ಒಂದು ಮಧ್ಯಾಹ್ನ ಸಾಕು. ಎಲ್ಲ ಬಸ್ಸುಗಳೂ ರೈಲು ನಿಲ್ದಾಣದ ಬಾಗಿಲಲ್ಲಿ ಒಂದು ನಿಲುಗಡೆ ಕೊಡಲಿ. ಎರಡು ಕಾಂಪೌಂಡುಗಳ ನಡುವಿನ ದಾರಿಗೆ ಚಾವಣಿ, ದೀಪ, ಗಾಲಿಕುರ್ಚಿ ಸಾಗುವಷ್ಟು ಸಮತಟ್ಟಾದ ನೆಲ ಇರಲಿ. ಆಟೋದವರನ್ನು ಬೆದರಿಸಿ ಓಡಿಸುವುದು ಬೇಡ. ಅವರೂ ಹೊಟ್ಟೆಪಾಡಿನವರೇ. ಅವರಿಗೊಂದು ಸಾಲು, ಪ್ರಯಾಣಿಕನಿಗೊಂದು ನಿಗದಿತ ದರದ ಚೀಟಿ ಇದ್ದರೆ ಇಬ್ಬರ ಜಗಳವೂ ತಪ್ಪುತ್ತದೆ. ಈ ಎಲ್ಲಕ್ಕೂ ಉತ್ತರ ಹೇಳಬೇಕಾದ ಒಬ್ಬ ಅಧಿಕಾರಿಯ ಹೆಸರು ಗೋಡೆಯ ಮೇಲೆ ಇರಲಿ. ಕಲ್ಲಿನಲ್ಲಿ ಕೆತ್ತಿಸಬೇಕಾದ ಹೆಸರು ಅದು.

ದಾರಿಹೋಕನನ್ನು ಗೌರವಿಸುವುದು ಈ ನೆಲಕ್ಕೆ ಹೊಸದೇನಲ್ಲ. ಸೂಳೆಕೆರೆ ಇರುವ ಚನ್ನಗಿರಿ ತಾಲೂಕಿನಲ್ಲೇ ಸಂತೆಬೆನ್ನೂರು ಇದೆ. ಅಲ್ಲಿ ಪುಷ್ಕರಣಿಯ ಎದುರಿಗೆ ನಿಂತ ಹಳೆಯ ಕಟ್ಟಡವನ್ನು ಜನ ಮುಸಾಫಿರ್‌ಖಾನೆ ಎಂದೇ ಕರೆಯುತ್ತಾರೆ. ಮುಸಾಫಿರ್ ಎಂದರೆ ಪ್ರಯಾಣಿಕ. ನೀರು ಒಂದೆಡೆ, ನೆರಳು ಅದರ ಎದುರಿಗೇ. ಅರವಟ್ಟಿಗೆ ಇಟ್ಟವರು, ಛತ್ರ ಕಟ್ಟಿಸಿದವರು, ದಾರಿ ಬದಿ ಸಾಲುಮರ ನೆಟ್ಟವರು ಪ್ರಯಾಣಿಕನ ಜಾತಿ ಮತ ಕೇಳಲಿಲ್ಲ, ಅವನ ದಣಿವನ್ನು ನೋಡಿದರು.

ಸೂಳೆಕೆರೆಯ ಏರಿ ಬಹಳ ಉದ್ದದ್ದೇನಲ್ಲ. ಎರಡು ಗುಡ್ಡಗಳ ನಡುವೆ, ಹರಿದ್ರಾ ಹಳ್ಳ ತಾನಾಗಿ ಬಂದು ಸೇರುವ ಕಣಿವೆಯನ್ನು ಗುರುತಿಸಿ ಕಟ್ಟಿದ್ದರಿಂದಲೇ ಅದು ಅಷ್ಟು ದೊಡ್ಡ ಕೆರೆಯಾಗಿ ಶತಮಾನಗಳಿಂದ ನಿಂತಿದೆ. ನೀರು ಎಲ್ಲಿ ಸೇರುತ್ತದೆಂದು ನೋಡಿ ಏರಿ ಕಟ್ಟಿದರು, ಏರಿ ಕಟ್ಟಿ ನೀರನ್ನು ಕರೆಯಲಿಲ್ಲ. ಜನ ಹೇಳುವ ಕಥೆಯಲ್ಲಿ ಶಾಂತವ್ವ ಆ ನೆಲದಲ್ಲಿ ಬದುಕಿದ್ದ ಹೆಣ್ಣುಗಳನ್ನು ಕೇಳಿಯೇ ಕೆರೆ ಕಟ್ಟಿಸಿದಳು. ತಮ್ಮ ಹೆಸರು ಉಳಿಯಬೇಕೆಂಬ ಅವರ ಷರತ್ತಿಗೂ ಒಪ್ಪಿದಳು. ಕಾಗದದಲ್ಲಿ ಶಾಂತಿಸಾಗರವೆಂದು ಬರೆದರೂ ಜನರ ಬಾಯಲ್ಲಿ ಅವರ ಹೆಸರೇ ಉಳಿದಿದೆ.

ಇಂದು ನಿಲ್ದಾಣ ಕಟ್ಟುವವರು ಜಾಗ ಎಲ್ಲಿ ಅಗ್ಗ ಎಂದು ಕೇಳುತ್ತಾರೆ, ಬಾಡಿಗೆ ಎಷ್ಟು ಬರುತ್ತದೆಂದು ಕೇಳುತ್ತಾರೆ. ಗಂಟು ಹೊತ್ತು ನಡೆಯುವ ತಾಯಿಯನ್ನು ಮಾತ್ರ ಕೇಳುವುದಿಲ್ಲ. ಮುಂದಿನ ಶಂಕುಸ್ಥಾಪನೆಗೆ ಬರುವ ಸಚಿವರಿಗೆ ನಮ್ಮದೊಂದು ಸಣ್ಣ ವಿನಂತಿ. ಕಾರನ್ನು ಖಾಸಗಿ ಬಸ್ಸು ಇಳಿಸುವ ಜಾಗದಲ್ಲೇ ಬಿಡಿ. ಒಂದು ಚೀಲ ಕೈಯಲ್ಲಿ ಹಿಡಿಯಿರಿ. ಅಲ್ಲಿಂದ ರೈಲು ನಿಲ್ದಾಣದವರೆಗೆ ಕತ್ತಲಾದ ಮೇಲೆ ಒಮ್ಮೆ ನಡೆದು ಬನ್ನಿ. ಆಮೇಲೆ ಕಲ್ಲು ನೆಡೋಣ.